ನಿಮಗಿದು ಗೊತ್ತೇ? ಊರು ಉರಿದುಹೋದರೂ ಉಳಿದ ಬೀದಿ

ಬೀದಿಯ ಓಡಾಟವನ್ನು ಚಲನಚಿತ್ರದಲ್ಲಿ ಮೊದಮೊದಲು ಹಿಡಿದವರಲ್ಲಿ ಲೂಯಿ ಲೆ ಪ್ರಿನ್ಸ್ ಒಬ್ಬ. 1888ರಲ್ಲಿ ಇಂಗ್ಲೆಂಡಿನ ಲೀಡ್ಸ್ ಸೇತುವೆಯ ಕುದುರೆಗಾಡಿಗಳನ್ನೂ ದಾರಿಹೋಕರನ್ನೂ ಚಿತ್ರಿಸಿದ. ಎರಡು ವರ್ಷದ ನಂತರ ಫ್ರಾನ್ಸಿನ ಡಿಜೋನ್‌ನಲ್ಲಿ ರೈಲು ಹತ್ತಿದವನು ಕಾಣೆಯಾದ. ಅವನಿಗೇನಾಯಿತೆಂದು ಇಂದಿಗೂ ಪತ್ತೆಯಿಲ್ಲ.

ಲೂಮಿಯೇರ್ ಸೋದರರ ಕಾರ್ಖಾನೆಯಿಂದ ಕೆಲಸಗಾರರು ಹೊರಬರುವ 1895ರ ಪ್ರಸಿದ್ಧ ಚಿತ್ರ ಒಂದಲ್ಲ, ಮೂರು! ಗುರುತು ಹಿಡಿಯುವುದು ಕುದುರೆಗಳಿಂದ. ಒಂದರಲ್ಲಿ ಒಂಟಿ ಕುದುರೆಯ ಗಾಡಿ, ಇನ್ನೊಂದರಲ್ಲಿ ಜೋಡಿ ಕುದುರೆ, ಮತ್ತೊಂದರಲ್ಲಿ ಕುದುರೆಯೇ ಇಲ್ಲ. 1896ರ ಜುಲೈ 7ರಂದು ಲೂಮಿಯೇರ್ ಚಿತ್ರಗಳು ಬೊಂಬಾಯಿಯ ವಾಟ್ಸನ್ ಹೋಟೆಲಿಗೂ ಬಂದವು.

ಹಳೆಯ ಚಿತ್ರಗಳಲ್ಲಿ ಜನ ದಡದಡ ಓಡುವುದೇಕೆ? ಆಗಿನ ಕ್ಯಾಮೆರಾಕ್ಕೆ ಕೈಯಲ್ಲಿ ತಿರುಗಿಸುವ ಹಿಡಿಕೆ. ಸೆಕೆಂಡಿಗೆ ಸುಮಾರು 16 ಚೌಕಟ್ಟು ತೆಗೆದದ್ದನ್ನು 24ರ ವೇಗದಲ್ಲಿ ತೋರಿಸಿದರೆ ಅಜ್ಜಂದಿರೂ ಓಡಲೇಬೇಕು.

ನನಗೆ ಇವೆಲ್ಲಕ್ಕಿಂತ ಪ್ರಿಯವಾದದ್ದು ಸ್ಯಾನ್ ಫ್ರಾನ್ಸಿಸ್ಕೋದ ಮಾರ್ಕೆಟ್ ಸ್ಟ್ರೀಟ್. ಮೈಲ್ಸ್ ಸೋದರರು ಕೇಬಲ್ ಕಾರಿನ ಮೂತಿಗೆ ಕ್ಯಾಮೆರಾ ಇಟ್ಟು, ದೂರದ ಫೆರಿ ಬಿಲ್ಡಿಂಗ್ ಗೋಪುರದ ಕಡೆಗೆ ಸಾಗುತ್ತ, ಬೀದಿಯನ್ನು ಉದ್ದಕ್ಕೂ ಚಿತ್ರಿಸಿದರು. ಸುಮಾರು 13 ನಿಮಿಷ. ಕುದುರೆಗಾಡಿ, ಸೈಕಲ್, ಮೋಟಾರು ಎಲ್ಲವೂ ಒಂದರ ಮುಂದೊಂದು ನುಗ್ಗುತ್ತವೆ. ಟೋಪಿ ಹಾಕಿದ ಗಂಡಸರು ಹಳಿಯ ಮೇಲೇ ನಿಧಾನವಾಗಿ ದಾಟುತ್ತಾರೆ. ಗಮನವಿಟ್ಟು ನೋಡಿ: ಕೆಲವು ಮೋಟಾರುಗಳು ಸುತ್ತುಹಾಕಿ ಮತ್ತೆ ಮತ್ತೆ ಕ್ಯಾಮೆರಾದ ಮುಂದೆ ಬರುತ್ತವೆ.

ಬಹುಕಾಲ ಇದನ್ನು 1905ರದೆಂದು ನಂಬಲಾಗಿತ್ತು. ಚಿತ್ರ ಇತಿಹಾಸಕಾರ ಡೇವಿಡ್ ಕೀನ್ ರಸ್ತೆಯ ಮೇಲೆ ನಿಂತ ಮಳೆನೀರನ್ನು ನೋಡಿ ಹಳೆಯ ಹವಾಮಾನ ವರದಿ ತೆರೆದರು. ಮೋಟಾರುಗಳ ನಂಬರ್ ಪ್ಲೇಟ್‌ಗಳನ್ನು ನೋಂದಣಿ ದಾಖಲೆಗಳಲ್ಲಿ ಹುಡುಕಿದರು. ಸಿಕ್ಕಿದ್ದು 1906ರ ಏಪ್ರಿಲ್. ಅಂದರೆ ಏಪ್ರಿಲ್ 18ರ ಬೆಳಗಿನ ಭೂಕಂಪಕ್ಕೆ ಕೆಲವೇ ದಿನ ಮೊದಲು! ಕಂಪನ, ಅದರ ಬೆನ್ನಿಗೇ ಬಂದ ಬೆಂಕಿ ಆ ಬೀದಿಯ ಬಹುಭಾಗವನ್ನು ನುಂಗಿದವು; ಸೋದರರ ಸ್ಟುಡಿಯೋವೂ ಹೋಯಿತು. ಫಿಲ್ಮ್ ಮಾತ್ರ ಅಷ್ಟರಲ್ಲಿ ರೈಲಿನಲ್ಲಿ ನ್ಯೂಯಾರ್ಕಿಗೆ ಹೊರಟಿತ್ತು. ಆ ಗೋಪುರ ಉಳಿಯಿತು, ಇಂದಿಗೂ ಇದೆ. ಹಳಿ ದಾಟುತ್ತಿದ್ದವರಲ್ಲಿ ಎಷ್ಟು ಜನ ಉಳಿದರೋ ಎಂದು ಪ್ರತಿ ಸಲ ನೋಡಿದಾಗಲೂ ಮನಸ್ಸು ಕೇಳುತ್ತದೆ.

ಇಂಗ್ಲೆಂಡಿನ ಬ್ಲ್ಯಾಕ್‌ಬರ್ನ್‌ನ ಮಿಚೆಲ್ ಮತ್ತು ಕೆನ್ಯನ್ ಗಿರಣಿ ಬಾಗಿಲಲ್ಲಿ ಕೆಲಸಗಾರರನ್ನು ಚಿತ್ರಿಸುತ್ತಿದ್ದರು. ತಮ್ಮನ್ನೇ ತೆರೆಯ ಮೇಲೆ ನೋಡಲು ಅದೇ ಜನ ಕಾಸು ಕೊಟ್ಟು ಬರುತ್ತಿದ್ದರು. ಅವರ ಸುಮಾರು 800 ಸುರುಳಿಗಳು 1994ರಲ್ಲಿ ಅಂಗಡಿಯೊಂದರ ನೆಲಮಾಳಿಗೆಯ ಪೀಪಾಯಿಗಳಲ್ಲಿ ಸಿಕ್ಕವು.

ನಿಮ್ಮ ಮನೆಯ ಅಟ್ಟದಲ್ಲೂ ಹಳೆಯ ಫಿಲ್ಮ್ ಡಬ್ಬಿಯಿದ್ದರೆ ದಯವಿಟ್ಟು ಗುಜರಿಗೆ ಹಾಕಬೇಡಿ. ಇಂಥವನ್ನು ಕಾಪಾಡಲೆಂದೇ ಪುಣೆಯಲ್ಲಿ 1964ರಿಂದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವಿದೆ, ಅವರನ್ನೊಮ್ಮೆ ಕೇಳಿ.