ಕಾಲ್ಚೆಂಡಿನ ಪಯಣಿಗ ಕಾರ್ಲ್‌ಟನ್ ಚಾಪ್‌ಮನ್

ಶಿವಮೊಗ್ಗದಿಂದ ತೀರ್ಥಹಳ್ಳಿಗೆ ಹೋಗುವ ದಾರಿಯಲ್ಲಿ, ಸುಮಾರು 14 ಕಿಲೋಮೀಟರ್ ದೂರದಲ್ಲಿ, ಸಕ್ರೆಬೈಲು ಎಂಬ ಊರಿದೆ. ಗಾಜನೂರು ಅಣೆಕಟ್ಟಿನ ಹಿನ್ನೀರಿನ ದಂಡೆಯಲ್ಲಿರುವ ಅಲ್ಲಿಯ ಆನೆ ಬಿಡಾರವು ನಾಡಿಗೆಲ್ಲ ಪರಿಚಿತವಾದುದು. ಬೆಳಗಿನ ಹೊತ್ತು ಮಾವುತರು ಮತ್ತು ಕಾವಾಡಿಗಳು ಆನೆಗಳನ್ನು ತುಂಗೆಯ ನೀರಿಗಿಳಿಸಿ ಮೈ ತೊಳೆಯುವುದನ್ನು ನೋಡಲು ದೂರದ ಊರುಗಳಿಂದಲೂ ಜನರು ಬರುತ್ತಾರೆ. ಅಕ್ಟೋಬರ್ ತಿಂಗಳ ವನ್ಯಜೀವಿ ಸಪ್ತಾಹದ ಅಂಗವಾಗಿ ಈ ಬಿಡಾರದಲ್ಲಿ ಆನೆಗಳಿಗಾಗಿಯೇ ಆಟೋಟಗಳನ್ನು ಏರ್ಪಡಿಸಿದ್ದುಂಟು. ಆ ಆಟಗಳಲ್ಲಿ ಕಾಲ್ಚೆಂಡೂ ಒಂದು. ಮಾವುತನ ಮಾತನ್ನು ಆಲಿಸಿ ಆನೆಯು ಕಂಬದಂತಹ ತನ್ನ ಕಾಲಿನಿಂದ ಚೆಂಡನ್ನು ಒದೆಯುವ ನೋಟವು ಮಕ್ಕಳಿಗೂ ದೊಡ್ಡವರಿಗೂ ಸಮಾನವಾಗಿ ಸಂತೋಷವನ್ನು ಕೊಡುತ್ತದೆ.

ಕಾಲ್ಚೆಂಡಿನಷ್ಟು ಸರಳವಾದ ಆಟಗಳು ಬಹಳವಿಲ್ಲ. ಒಂದು ಚೆಂಡು, ಒಂದಿಷ್ಟು ಬಯಲು, ನಾಲ್ಕಾರು ಮಂದಿ ಗೆಳೆಯರು ಇದ್ದರೆ ಸಾಕು. ಆದುದರಿಂದಲೇ ಅದು ಜಗತ್ತಿನ ಮೂಲೆ ಮೂಲೆಗೂ ಹರಡಿದೆ. ಆದರೆ ಆಟವನ್ನು ಆಡುವುದು ಬೇರೆ. ಆಟವನ್ನೇ ಬಾಳಿನ ಕಸುಬಾಗಿ ಮಾಡಿಕೊಳ್ಳುವುದು ಬೇರೆ. ಕಸುಬಾಗಿ ಮಾಡಿಕೊಂಡವನು ಹುಟ್ಟಿದ ಊರನ್ನು ಬಿಡಬೇಕಾಗುತ್ತದೆ. ಚೆಂಡು ಕರೆದಲ್ಲಿಗೆ ಹೋಗಬೇಕಾಗುತ್ತದೆ. ಹೀಗೆ ಬೆಂಗಳೂರಿನಿಂದ ಹೊರಟು, ದೇಶದ ನಾಲ್ಕು ದಿಕ್ಕುಗಳಲ್ಲಿ ಆಡಿ, ಭಾರತ ತಂಡದ ನಾಯಕನ ಸ್ಥಾನಕ್ಕೇರಿದವರು ಕಾರ್ಲ್‌ಟನ್ ಚಾಪ್‌ಮನ್.

ಚಾಪ್‌ಮನ್ ಅವರ ಸಾಧನೆಯನ್ನು ತಿಳಿಯಬೇಕಾದರೆ ಅಂಗಣದಲ್ಲಿ ಅವರ ಸ್ಥಾನ ಯಾವುದೆಂಬುದನ್ನು ಮೊದಲು ತಿಳಿಯಬೇಕು. ಕಾಲ್ಚೆಂಡಿನ ತಂಡದಲ್ಲಿ 11 ಮಂದಿ ಆಟಗಾರರಿರುತ್ತಾರೆ. ಗೋಲು ಕಂಬಗಳ ನಡುವೆ ನಿಲ್ಲುವವನು ಗೋಲ್‌ಕೀಪರ್. ಅವನ ಮುಂದೆ ನಿಂತು ಎದುರಾಳಿಗಳನ್ನು ತಡೆಯುವವರು ರಕ್ಷಣೆಯ ಆಟಗಾರರು. ಎದುರಾಳಿಯ ಗೋಲಿನತ್ತ ನುಗ್ಗುವವರು ಮುನ್ನಡೆಯ ಆಟಗಾರರು. ಈ ಎರಡು ಗುಂಪುಗಳ ನಡುವೆ ಅಂಗಣದ ಮಧ್ಯಭಾಗದಲ್ಲಿ ಆಡುವವನನ್ನು ಮಿಡ್‌ಫೀಲ್ಡರ್ ಎಂದು ಕರೆಯುತ್ತಾರೆ.

ಈ ನಡುಭಾಗದ ಆಟಗಾರನ ಕೆಲಸವು ಎರಡು ಬಗೆಯದು. ಎದುರಾಳಿಗಳು ಮುನ್ನುಗ್ಗಿದಾಗ ಅವನು ಹಿಂದಕ್ಕೆ ಓಡಿ ಅವರಿಂದ ಚೆಂಡನ್ನು ಕಸಿದುಕೊಳ್ಳಬೇಕು. ಚೆಂಡು ತನ್ನ ವಶವಾದೊಡನೆ ತಲೆಯೆತ್ತಿ ನೋಡಿ, ಯಾವ ಗೆಳೆಯನು ಎಲ್ಲಿ ಬಿಡುವಾಗಿದ್ದಾನೆ ಎಂಬುದನ್ನು ಕ್ಷಣಾರ್ಧದಲ್ಲಿ ಅರಿತು, ಅವನ ಕಾಲಿಗೆ ಚೆಂಡನ್ನು ತಲಪಿಸಬೇಕು. ಮಗ್ಗದಲ್ಲಿ ಲಾಳಿಯು ಅತ್ತಿಂದಿತ್ತ ಓಡಾಡಿ ನೂಲನ್ನು ಬಟ್ಟೆಯಾಗಿಸುವಂತೆ, ಅವನು 90 ನಿಮಿಷಗಳ ಕಾಲ ಹಿಂದೆ ಮುಂದೆ ಓಡಾಡಿ ಹನ್ನೊಂದು ಮಂದಿಯನ್ನು ಒಂದು ತಂಡವನ್ನಾಗಿಸುತ್ತಾನೆ. ಗೋಲು ಹೊಡೆದವನ ಹೆಸರು ಮರುದಿನದ ಪತ್ರಿಕೆಗಳಲ್ಲಿ ಅಚ್ಚಾಗುತ್ತದೆ. ಆ ಗೋಲಿಗೆ ದಾರಿ ಮಾಡಿಕೊಟ್ಟವನ ಹೆಸರು ಅನೇಕ ವೇಳೆ ಮರೆಯಾಗುತ್ತದೆ.

ಕಾರ್ಲ್‌ಟನ್ ಚಾಪ್‌ಮನ್ ಅವರು 1971ರ ಏಪ್ರಿಲ್ 13ರಂದು ಬೆಂಗಳೂರಿನಲ್ಲಿ ಜನಿಸಿದರು. ಕಾಲ್ಚೆಂಡಿನ ಆಟದಲ್ಲಿ ಬೆಂಗಳೂರಿಗೆ ಹಿರಿದಾದ ಪರಂಪರೆಯಿದೆ. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಭಾರತವು ಫ್ರಾನ್ಸ್ ತಂಡಕ್ಕೆ 1-2ರಿಂದ ಸೋತಿತಾದರೂ ಆ ಒಂದು ಗೋಲನ್ನು ಹೊಡೆದು, ಒಲಿಂಪಿಕ್ಸ್‌ನಲ್ಲಿ ಭಾರತದ ಮೊದಲ ಗೋಲು ಗಳಿಸಿದ ಕೀರ್ತಿಗೆ ಪಾತ್ರರಾದವರು ಬೆಂಗಳೂರಿನ ಸಾರಂಗಪಾಣಿ ರಾಮನ್. ಅಂದಿನ ತಂಡದ ಬಹುಪಾಲು ಆಟಗಾರರು ಬರಿಗಾಲಿನಲ್ಲಿ ಆಡಿದ್ದರೆಂಬುದು ಗಮನಾರ್ಹವಾದ ಸಂಗತಿ. ಅದೇ ತಂಡದಲ್ಲಿದ್ದ ಬೆಂಗಳೂರಿನ ಅಹಮದ್ ಖಾನ್ ಮುಂದೆ ಕಲ್ಕತ್ತೆಯ ಈಸ್ಟ್ ಬೆಂಗಾಲ್ ತಂಡವನ್ನು ಸೇರಿದರು. ಆ ತಂಡದ ಮುನ್ನಡೆಯ ಐವರನ್ನು ಅಭಿಮಾನಿಗಳು ಪಂಚಪಾಂಡವರೆಂದು ಕರೆದರು. ಅವರಲ್ಲಿ ಅಹಮದ್ ಖಾನ್ ಒಬ್ಬರು. 1956ರ ಮೆಲ್ಬೋರ್ನ್ ಒಲಿಂಪಿಕ್ಸ್‌ನಲ್ಲಿ ಭಾರತವು ನಾಲ್ಕನೆಯ ಸ್ಥಾನವನ್ನು ಪಡೆಯಿತು. ಆ ತಂಡದ ನಡುಭಾಗದಲ್ಲಿದ್ದವರು ಬೆಂಗಳೂರಿನ ಮರಿಯಪ್ಪ ಕೆಂಪಯ್ಯನವರು. ಅವರೂ ಕಲ್ಕತ್ತೆಗೆ ಹೋಗಿ ಮೋಹನ್ ಬಾಗಾನ್ ತಂಡಕ್ಕೆ ಆಡಿದವರೇ.

ಈ ಹಿರಿಯರು ಊರನ್ನು ಬಿಟ್ಟು ಹೋದುದೇಕೆ? ಬೆಂಗಳೂರಿನಲ್ಲಿ ಎಚ್.ಎ.ಎಲ್., ಐ.ಟಿ.ಐ. ಮುಂತಾದ ಕಾರ್ಖಾನೆಗಳ ತಂಡಗಳು ಆಟಗಾರರಿಗೆ ಆಶ್ರಯ ಕೊಟ್ಟಿದ್ದುಂಟು. ಆದರೆ ಸಾವಿರಾರು ಪ್ರೇಕ್ಷಕರನ್ನು ಸೆಳೆಯುವ ದೊಡ್ಡ ಸಂಘಗಳಿದ್ದುದು ಕಲ್ಕತ್ತೆಯಲ್ಲಿ. ಅಲ್ಲಿಗೆ ಹೋಗದೆ ಆಟಗಾರನಿಗೆ ಹೆಸರು ಬರುವುದು ಕಷ್ಟವಾಗಿದ್ದಿತು. ಅಂದಿನ ಕಲ್ಕತ್ತೆಯೇ ಇಂದಿನ ಕೋಲ್ಕತ್ತ.

ಚಾಪ್‌ಮನ್ ಅವರೂ ಇದೇ ದಾರಿಯನ್ನು ಹಿಡಿದರು. 1980ರ ದಶಕದ ಮಧ್ಯಭಾಗದಲ್ಲಿ, ಇನ್ನೂ ಪ್ರೌಢಶಾಲೆಯ ವಯಸ್ಸಿನಲ್ಲಿ, ಅವರು ಬೆಂಗಳೂರಿನ ಭಾರತೀಯ ಕ್ರೀಡಾ ಪ್ರಾಧಿಕಾರದ ಕೇಂದ್ರದಲ್ಲಿ ತರಬೇತಿಗೆ ಸೇರಿದರು. ಸದರ್ನ್ ಬ್ಲೂಸ್ ಎಂಬ ತಂಡದಲ್ಲಿ ಆಡಿ ಪಳಗಿದರು. 1990ರಲ್ಲಿ ಜಮ್‌ಶೆಡ್‌ಪುರದ ಟಾಟಾ ಫುಟ್‌ಬಾಲ್ ಅಕಾಡೆಮಿಯು ಅವರನ್ನು ಆರಿಸಿಕೊಂಡಿತು. ಜಮ್‌ಶೆಡ್‌ಪುರವು ನಮ್ಮ ಭದ್ರಾವತಿಯಂತೆ ಕಬ್ಬಿಣ ಮತ್ತು ಉಕ್ಕಿನಿಂದ ಹೆಸರಾದ ಊರು. ಅಲ್ಲಿ 1987ರಲ್ಲಿ ಆರಂಭವಾದ ಈ ಸಂಸ್ಥೆಯು ಎಳೆಯ ಆಟಗಾರರಿಗೆ ವರ್ಷಗಳ ಕಾಲ ಶಿಸ್ತಿನ ಶಿಕ್ಷಣವನ್ನು ಕೊಡುತ್ತಿದ್ದಿತು. ಹತ್ತೊಂಬತ್ತರ ಹರೆಯದ ತರುಣನು ಮನೆಯಿಂದ ಅಷ್ಟು ದೂರದ ಊರಿನಲ್ಲಿ, ಅರಿಯದ ಭಾಷೆಗಳ ನಡುವೆ, ಆಟವನ್ನೇ ವಿದ್ಯೆಯಾಗಿ ಕಲಿತನು.

1993ರಲ್ಲಿ ಆ ಶಿಕ್ಷಣ ಮುಗಿದೊಡನೆ ಚಾಪ್‌ಮನ್ ಅವರು ಈಸ್ಟ್ ಬೆಂಗಾಲ್ ತಂಡವನ್ನು ಸೇರಿದರು. ಅಹಮದ್ ಖಾನರು ತೊಟ್ಟ ಕೆಂಪು ಮತ್ತು ಹಳದಿ ಬಣ್ಣದ ಅಂಗಿಯನ್ನು ಬೆಂಗಳೂರಿನ ಇನ್ನೊಬ್ಬ ಆಟಗಾರನು ತೊಟ್ಟಂತಾಯಿತು. ಅದೇ ವರ್ಷ ಏಷ್ಯಾದ ಕಪ್ ವಿಜೇತರ ಪಂದ್ಯಾವಳಿಯಲ್ಲಿ ಈಸ್ಟ್ ಬೆಂಗಾಲ್ ತಂಡವು ಇರಾಕಿನ ಅಲ್ ಜವ್ರಾ ತಂಡವನ್ನು ಎದುರಿಸಿತು. ಅಂದು ಈಸ್ಟ್ ಬೆಂಗಾಲ್ 6-2ರಿಂದ ಗೆದ್ದಿತು. ಆ ಆರು ಗೋಲುಗಳಲ್ಲಿ ಮೂರು ಚಾಪ್‌ಮನ್ ಅವರವು. ಇತರರಿಂದ ಗೋಲು ಹೊಡೆಸುವುದೇ ತನ್ನ ಕೆಲಸವೆಂದು ತಿಳಿದ ಆಟಗಾರನು ಒಂದೇ ಪಂದ್ಯದಲ್ಲಿ ತಾನೇ ಮೂರು ಗೋಲು ಹೊಡೆದುದು ವಿಶೇಷವೇ ಸರಿ.

1995ರಲ್ಲಿ ಅವರ ಪಯಣವು ಪೂರ್ವದಿಂದ ಉತ್ತರಕ್ಕೆ ತಿರುಗಿತು. ಪಂಜಾಬಿನ ಫಗ್ವಾರದಲ್ಲಿದ್ದ ಜೆ.ಸಿ.ಟಿ. ಜವಳಿ ಗಿರಣಿಯು ಬಲಿಷ್ಠವಾದ ಕಾಲ್ಚೆಂಡಿನ ತಂಡವನ್ನು ಕಟ್ಟಿದ್ದಿತು. ಕೇರಳದ ತ್ರಿಶ್ಶೂರಿನ ಐ. ಎಂ. ವಿಜಯನ್, ಸಿಕ್ಕಿಮ್ ರಾಜ್ಯದ ಬೈಚುಂಗ್ ಭುಟಿಯಾ, ಕರ್ನಾಟಕದ ಚಾಪ್‌ಮನ್ ಈ ಮೂವರೂ ಆ ತಂಡದಲ್ಲಿ ಜೊತೆಯಾಗಿ ಆಡಿದರು. ಮೂವರ ತಾಯ್ನುಡಿಗಳು ಬೇರೆ, ಊಟೋಪಚಾರಗಳು ಬೇರೆ. ಆದರೆ ಅಂಗಣಕ್ಕೆ ಇಳಿದ ಮೇಲೆ ಚೆಂಡೇ ಅವರ ಭಾಷೆಯಾಯಿತು. 1996-97ರಲ್ಲಿ ಭಾರತದಲ್ಲಿ ಮೊತ್ತಮೊದಲ ಬಾರಿಗೆ ರಾಷ್ಟ್ರೀಯ ಫುಟ್‌ಬಾಲ್ ಲೀಗ್ ನಡೆದಾಗ ಅದನ್ನು ಗೆದ್ದುದು ಈ ಜೆ.ಸಿ.ಟಿ. ತಂಡವೇ. ಆ ಲೀಗಿನಲ್ಲಿ ಅತಿ ಹೆಚ್ಚು ಗೋಲುಗಳನ್ನು ಗಳಿಸಿದವರು ಭುಟಿಯಾ. ಅಂಥ ಗೋಲುಗಳ ಹಿಂದೆ ನಡುಭಾಗದ ಆಟಗಾರರ ದುಡಿಮೆ ಎಷ್ಟಿರುತ್ತದೆ ಎಂಬುದನ್ನು ಆಟ ಬಲ್ಲವರು ಬಲ್ಲರು.

ಇದೇ ಕಾಲದಲ್ಲಿ ಭಾರತ ತಂಡವೂ ಮೇಲೇರುತ್ತಿದ್ದಿತು. 1996ರ ಫೆಬ್ರುವರಿಯಲ್ಲಿ ಭಾರತವು ಜಗತ್ತಿನ ತಂಡಗಳ ಪಟ್ಟಿಯಲ್ಲಿ 94ನೆಯ ಸ್ಥಾನವನ್ನು ಪಡೆಯಿತು. 1997ರಲ್ಲಿ ನೇಪಾಳದ ಕಠ್ಮಂಡುವಿನಲ್ಲಿ ನಡೆದ ದಕ್ಷಿಣ ಏಷ್ಯಾ ಪಂದ್ಯಾವಳಿಯಲ್ಲಿ ಚಾಪ್‌ಮನ್ ಅವರ ನಾಯಕತ್ವದಲ್ಲಿ ಭಾರತವು ಅಂತಿಮ ಪಂದ್ಯದಲ್ಲಿ ಮಾಲ್ಡೀವ್ಸ್ ತಂಡವನ್ನು 5-1ರಿಂದ ಸೋಲಿಸಿ ಕಪ್ ಗೆದ್ದಿತು.

ಆ ವರ್ಷವೇ ಅವರು ಇನ್ನೊಮ್ಮೆ ಊರು ಬದಲಿಸಿದರು. ಕೇರಳದಲ್ಲಿ 1997ರಲ್ಲಿ ಎಫ್.ಸಿ. ಕೊಚ್ಚಿನ್ ಎಂಬ ಹೊಸ ಸಂಘವು ತಲೆಯೆತ್ತಿತು. ಬೇರೆ ಉದ್ಯೋಗದ ಆಸರೆಯಿಲ್ಲದೆ ಆಟದ ಸಂಬಳದಿಂದಲೇ ಬಾಳಬಲ್ಲ ವೃತ್ತಿಪರ ತಂಡವೊಂದನ್ನು ಕಟ್ಟಬೇಕೆಂಬುದು ಅದರ ಹಂಬಲ. ವಿಜಯನ್ ಅವರೊಡನೆ ಚಾಪ್‌ಮನ್ ಅವರೂ ಅಲ್ಲಿಗೆ ಹೋದರು. ಆ ಸಂಘವು ಹುಟ್ಟಿದ ವರ್ಷವೇ ಡುರಾಂಡ್ ಕಪ್ ಗೆದ್ದು ದೇಶವನ್ನು ಬೆರಗುಗೊಳಿಸಿತು. ಆದರೆ ಅದು ಬಹುಕಾಲ ಬಾಳಲಿಲ್ಲ. ಕೆಲವೇ ವರ್ಷಗಳಲ್ಲಿ ಮುಚ್ಚಿಹೋಯಿತು. ಚಾಪ್‌ಮನ್ ಅವರು 1998ರಲ್ಲಿಯೇ ಈಸ್ಟ್ ಬೆಂಗಾಲ್ ತಂಡಕ್ಕೆ ಹಿಂತಿರುಗಿದರು. ವೃತ್ತಿಪರ ಆಟಗಾರನ ಬಾಳಿನ ಕಷ್ಟವು ಇಲ್ಲಿ ಸ್ಪಷ್ಟವಾಗುತ್ತದೆ. ಕಾರ್ಖಾನೆಯ ನೌಕರನಿಗೆ ಅರವತ್ತರ ಹತ್ತಿರದವರೆಗೂ ಕೆಲಸವಿದೆ, ಮುಂದೆ ನಿವೃತ್ತಿ ವೇತನದ ಆಸರೆಯಿದೆ. ಆಟಗಾರನ ಕಾಲುಗಳಿಗೆ ಹದಿನೈದು ವರ್ಷದ ಬಲವಷ್ಟೇ. ಆ ಅವಧಿಯಲ್ಲಿ ಸಂಘವೊಂದು ಕುಸಿದರೆ ಅವನ ಬಾಳಿನ ಒಂದು ಭಾಗವೇ ಕುಸಿದಂತೆ.

ಜರ್ಮನಿಯ ಹೆಸರಾಂತ ಮಿಡ್‌ಫೀಲ್ಡರ್ ಲೋಥಾರ್ ಮಟ್ಟೇವುಸ್ ಅವರ ಜೀವನವನ್ನು ಇದರೊಡನೆ ಹೋಲಿಸಿ ನೋಡಬಹುದು. ಅವರೂ ಊರೂರು ಸುತ್ತಿದವರೇ. ಜರ್ಮನಿಯ ಮ್ಯೂನ್ಷೆನ್‌ಗ್ಲಾಡ್‌ಬಾಖ್ ಮತ್ತು ಮ್ಯೂನಿಕ್ ನಗರಗಳ ತಂಡಗಳಲ್ಲಿಯೂ, ಇಟಲಿಯ ಮಿಲಾನ್ ನಗರದಲ್ಲಿಯೂ, ಕಡೆಗೆ ಅಮೆರಿಕದಲ್ಲಿಯೂ ಅವರು ಆಡಿದರು. 1982ರಿಂದ 1998ರವರೆಗೆ ಐದು ವಿಶ್ವಕಪ್‌ಗಳಲ್ಲಿ ಆಡಿ, 1990ರಲ್ಲಿ ನಾಯಕರಾಗಿ ತಮ್ಮ ದೇಶಕ್ಕೆ ವಿಶ್ವಕಪ್ ತಂದುಕೊಟ್ಟರು. ಆದರೆ ಇಬ್ಬರ ಪಯಣಕ್ಕೂ ಒಂದು ವ್ಯತ್ಯಾಸವುಂಟು. ಜರ್ಮನಿಯಲ್ಲಿ ಬುಂಡೆಸ್‌ಲೀಗಾ ಎಂಬ ರಾಷ್ಟ್ರಮಟ್ಟದ ಲೀಗ್ 1963ರಲ್ಲಿಯೇ ಆರಂಭವಾಗಿದ್ದಿತು. ಅದರ ಕೆಳಗೂ ಹಂತಹಂತವಾಗಿ ಲೀಗುಗಳಿದ್ದವು. ಅಲ್ಲಿಯ ಆಟಗಾರನು ಒಂದು ಗಟ್ಟಿ ನೆಲದಿಂದ ಇನ್ನೊಂದು ಗಟ್ಟಿ ನೆಲಕ್ಕೆ ಕಾಲಿಡುತ್ತಿದ್ದನು. ಭಾರತದಲ್ಲಿ ರಾಷ್ಟ್ರೀಯ ಲೀಗ್ ಮೊದಲಾದುದು ಅದಕ್ಕೆ 33 ವರ್ಷಗಳ ಬಳಿಕ. ಚಾಪ್‌ಮನ್ ಮತ್ತು ಅವರ ಸಂಗಡಿಗರು ನಡೆಯುತ್ತಲೇ ದಾರಿಯನ್ನೂ ಮಾಡಿಕೊಳ್ಳಬೇಕಾಯಿತು.

ಹಿಂತಿರುಗಿದ ಚಾಪ್‌ಮನ್ ಅವರನ್ನು ಈಸ್ಟ್ ಬೆಂಗಾಲ್ ನಾಯಕನನ್ನಾಗಿ ಮಾಡಿಕೊಂಡಿತು. 2000-01ರ ರಾಷ್ಟ್ರೀಯ ಲೀಗನ್ನು ಅವರ ನಾಯಕತ್ವದಲ್ಲಿ ಆ ತಂಡವು ಗೆದ್ದಿತು. ಈಸ್ಟ್ ಬೆಂಗಾಲ್ ಈ ಗೌರವವನ್ನು ಪಡೆದುದು ಅದೇ ಮೊದಲು. ಗೆಲುವಿನ ಆ ವರ್ಷದಲ್ಲಿಯೇ, ಮೂವತ್ತರ ವಯಸ್ಸಿನಲ್ಲಿ, ಅವರು ಆಟದಿಂದ ನಿವೃತ್ತರಾದರು.

ಆದರೆ ಪಯಣವು ನಿಲ್ಲಲಿಲ್ಲ. ತಾವು ಕಲಿತ ಜಮ್‌ಶೆಡ್‌ಪುರದ ಅಕಾಡೆಮಿಗೆ ಅವರು ಗುರುವಾಗಿ ಮರಳಿದರು. ಮುಂದೆ ಮೇಘಾಲಯದ ಶಿಲ್ಲಾಂಗಿಗೆ ಹೋಗಿ ರಾಯಲ್ ವಾಹಿಂಗ್ಡೊ ತಂಡಕ್ಕೆ ತರಬೇತಿ ನೀಡಿದರು. ಬಾಳಿನ ಕೊನೆಯ ವರ್ಷಗಳಲ್ಲಿ ಕೇರಳದ ಕೋಯಿಕ್ಕೋಡಿನ ಸಂಘವೊಂದರಲ್ಲಿ ಎಳೆಯರಿಗೆ ಮಾರ್ಗದರ್ಶಕರಾಗಿದ್ದರು. ಮೈದಾನದ ನಡುವೆ ನಿಂತು ಚೆಂಡನ್ನು ಇತರರಿಗೆ ಒಪ್ಪಿಸುತ್ತಿದ್ದವರು, ಈಗ ಮೈದಾನದ ಅಂಚಿನಲ್ಲಿ ನಿಂತು ವಿದ್ಯೆಯನ್ನು ಇತರರಿಗೆ ಒಪ್ಪಿಸಿದರು. 2020ರ ಅಕ್ಟೋಬರ್ 12ರಂದು ಬೆಂಗಳೂರಿನಲ್ಲಿ ಹೃದಯಾಘಾತದಿಂದ ಅವರು ನಿಧನರಾದರು. ಆಗ ಅವರ ವಯಸ್ಸು ಕೇವಲ 49.

ಅವರು ಹೊರಟ ಊರಿನ ಸ್ಥಿತಿ ಈಗ ಬದಲಾಗಿದೆ. 2013ರಲ್ಲಿ ಸ್ಥಾಪನೆಯಾದ ಬೆಂಗಳೂರು ಎಫ್.ಸಿ. ಸಂಘವು ತನ್ನ ಮೊದಲ ವರ್ಷದಲ್ಲಿಯೇ ಐ-ಲೀಗನ್ನು ಗೆದ್ದಿತು. 2023ರ ಮಾರ್ಚ್ 4ರಂದು ಸೌದಿ ಅರೇಬಿಯಾದ ರಿಯಾದ್ ನಗರದಲ್ಲಿ ಕರ್ನಾಟಕ ತಂಡವು ಮೇಘಾಲಯವನ್ನು 3-2ರಿಂದ ಸೋಲಿಸಿ ಸಂತೋಷ್ ಟ್ರೋಫಿಯನ್ನು ಗೆದ್ದಿತು. ಮೈಸೂರು ರಾಜ್ಯವೆಂಬ ಹೆಸರಿದ್ದಾಗ, 1968-69ರಲ್ಲಿ, ಗೆದ್ದ ಬಳಿಕ ಆ ಟ್ರೋಫಿ ಮತ್ತೆ ನಮ್ಮ ನಾಡಿಗೆ ಬಂದುದು ಆಗಲೇ. ಇಂದು ಚೆಂಡನ್ನು ಪ್ರೀತಿಸುವ ಬಾಲಕ ಬಾಲಕಿಯರು ಅವಕಾಶಕ್ಕಾಗಿ ಕರ್ನಾಟಕವನ್ನು ಬಿಟ್ಟೇ ತೀರಬೇಕೆಂಬ ನಿಯಮವಿಲ್ಲ. ಬೆಂಗಳೂರಿನಿಂದ ದೂರವಿರುವ ಊರುಗಳ ಮಕ್ಕಳಿಗೆ ದಾರಿ ಇನ್ನೂ ಉದ್ದವಾಗಿಯೇ ಇದೆಯೆಂಬುದೂ ನಿಜ.

ಪಂದ್ಯದ ದಾಖಲೆಯಲ್ಲಿ ಗೋಲು ಹೊಡೆದವನ ಹೆಸರೂ, ಹೊಡೆದ ನಿಮಿಷವೂ ಇರುತ್ತವೆ. ಎದುರಾಳಿಯಿಂದ ಚೆಂಡನ್ನು ಕಸಿದು ತಂದವನ ಹೆಸರು ಅದರಲ್ಲಿರುವುದಿಲ್ಲ. ಅವನು ಓಡಿದ ಹರದಾರಿಗಳ ಲೆಕ್ಕವೂ ಇರುವುದಿಲ್ಲ. ಆದರೂ ಅವನಿಲ್ಲದೆ ಆ ಗೋಲು ಇಲ್ಲ. ತಂಡವೊಂದು ಗೆದ್ದ ಸುದ್ದಿಯನ್ನು ಓದುವಾಗ, ಅಂಗಣದ ನಡುವೆ ನಿಂತು ಆಡಿದವನು ಯಾರೆಂದು ಒಮ್ಮೆ ಕೇಳಿಕೊಳ್ಳುವುದು ಒಳ್ಳೆಯದು. ಹಾಗೆ ಕೇಳಿಕೊಂಡವರಿಗೆ ಚಾಪ್‌ಮನ್ ಅವರಂತಹ ಆಟಗಾರರ ಬೆಲೆ ತಿಳಿಯುತ್ತದೆ.