ವಿಚಾರಣೆಗೆ ಮುನ್ನವೇ ಮುಗಿಯುವ ಮೊಕದ್ದಮೆ

‘ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ’ ಎಂಬ ಗಾದೆಯನ್ನು ಊರಿನ ಹಿರಿಯರ ಬಾಯಿಂದ ಕೇಳುತ್ತಲೇ ಬೆಳೆದವರು ನಾವು. ಜಮೀನಿನ ವ್ಯಾಜ್ಯದಲ್ಲಿ ಹಣ ಹೋದರೂ ಮಾನ ಉಳಿಯುತ್ತದೆ. ಕ್ರಿಮಿನಲ್ ಮೊಕದ್ದಮೆಯಲ್ಲಿ ಹಾಗಲ್ಲ. ಮುಂಬಯಿಯಲ್ಲೋ ಪುಣೆಯಲ್ಲೋ ನೌಕರಿಯಲ್ಲಿರುವವನಿಗೆ, ಊರಿನ ದಾಯಾದಿ ಜಗಳದಲ್ಲಿ ಅಥವಾ ಬಂಧುಗಳ ಮನೆಯ ವಿರಸದಲ್ಲಿ ತನ್ನ ಹೆಸರೂ ಸೇರಿದೆಯೆಂದು ಸಮನ್ಸು ಬಂದರೆ, ತಾರೀಖಿನಿಂದ ತಾರೀಖಿಗೆ ರಜೆ ಹಾಕಿ ರೈಲು ಹತ್ತಬೇಕಾಗುತ್ತದೆ. ಕೊನೆಗೆ ನಿರ್ದೋಷಿಯೆಂದು ತೀರ್ಪು ಬಂದರೂ ಕಳೆದುಹೋದ ವರ್ಷಗಳು ಮರಳಿ ಬಾರವು. ಆದುದರಿಂದಲೇ, ನಡೆಯಬಾರದ ಮೊಕದ್ದಮೆಯನ್ನು ವಿಚಾರಣೆಗೆ ಮುನ್ನವೇ ನಿಲ್ಲಿಸುವ ಅಧಿಕಾರವನ್ನು ಕಾನೂನು ನ್ಯಾಯಾಲಯಗಳಲ್ಲಿ ಇರಿಸಿದೆ. ಅದರ ವ್ಯಾಪ್ತಿಯನ್ನೂ ಮಿತಿಯನ್ನೂ ಅರಿತಿರುವುದು ಲೇಸು.

ಎರಡು ಬಾಗಿಲುಗಳು

ಮೊದಲನೆಯ ಬಾಗಿಲು ವಿಚಾರಣಾ ನ್ಯಾಯಾಲಯದಲ್ಲಿಯೇ ಇದೆ. ಪೋಲೀಸರು ದೋಷಾರೋಪ ಪಟ್ಟಿ ಸಲ್ಲಿಸಿದ ಮೇಲೆ, ಆ ಕಾಗದಪತ್ರಗಳಲ್ಲಿ ಮುಂದುವರಿಯಲು ಸಾಕಷ್ಟು ಆಧಾರವಿಲ್ಲವೆಂದು ಕಂಡುಬಂದರೆ, ಆರೋಪ ಹೊರಿಸುವ ಮುನ್ನವೇ ನ್ಯಾಯಾಧೀಶರು ಆರೋಪಿಯನ್ನು ಬಿಡುಗಡೆ ಮಾಡಬಹುದು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 250 ಮತ್ತು 262ನೆಯ ಕಲಮುಗಳು ಇಂತಹ ಅರ್ಜಿಗೆ 60 ದಿನಗಳ ಅವಧಿಯನ್ನು ಗೊತ್ತುಪಡಿಸಿವೆ. ಸೆಷನ್ಸ್ ಮೊಕದ್ದಮೆಯಲ್ಲಿ ಪ್ರಕರಣವನ್ನು ಆ ನ್ಯಾಯಾಲಯಕ್ಕೆ ಒಪ್ಪಿಸಿದ ದಿನದಿಂದಲೂ, ಮ್ಯಾಜಿಸ್ಟ್ರೇಟರ ಮುಂದಿನ ವಾರಂಟ್ ಮೊಕದ್ದಮೆಯಲ್ಲಿ ದಾಖಲೆಗಳ ಪ್ರತಿ ದೊರೆತ ದಿನದಿಂದಲೂ ಈ ಅವಧಿಯನ್ನು ಎಣಿಸಬೇಕು.

ಎರಡನೆಯದು ಉಚ್ಚ ನ್ಯಾಯಾಲಯದ ಬಾಗಿಲು. 1973ರ ದಂಡ ಪ್ರಕ್ರಿಯಾ ಸಂಹಿತೆಯ 482ನೆಯ ಕಲಮಿನಲ್ಲಿದ್ದ ಅಧಿಕಾರವೇ ಹೊಸ ಸಂಹಿತೆಯಲ್ಲಿ 528ನೆಯ ಕಲಮಾಗಿದೆ. ನ್ಯಾಯಾಲಯದ ಪ್ರಕ್ರಿಯೆಯ ದುರುಪಯೋಗವನ್ನು ತಡೆಯಲು ಹಾಗೂ ನ್ಯಾಯದ ಉದ್ದೇಶವನ್ನು ಸಾಧಿಸಲು ಉಚ್ಚ ನ್ಯಾಯಾಲಯಕ್ಕೆ ಇರುವ ಅಂತರ್ಗತ ಅಧಿಕಾರವಿದು.

ಅಳತೆಗೋಲು

ಈ ಅಧಿಕಾರವನ್ನು ಯಾವಾಗ ಚಲಾಯಿಸಬೇಕು? 1960ರ ಆರ್. ಪಿ. ಕಪೂರ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಮೂರು ಸಂದರ್ಭಗಳನ್ನು ಸೂಚಿಸಿತು: ಮೊಕದ್ದಮೆಗೆ ಕಾನೂನಿನದೇ ಅಡ್ಡಿಯಿದ್ದಾಗ, ದೂರಿನಲ್ಲಿರುವುದೆಲ್ಲವನ್ನೂ ನಿಜವೆಂದು ಒಪ್ಪಿದರೂ ಅಪರಾಧವೇ ಆಗದಿದ್ದಾಗ, ಆರೋಪವನ್ನು ಬೆಂಬಲಿಸುವ ಸಾಕ್ಷ್ಯವೇ ಇಲ್ಲದಿದ್ದಾಗ. ನಮ್ಮ ರಾಜ್ಯದಿಂದಲೇ ಹೋದ 1977ರ ಮುನಿಸ್ವಾಮಿ ಪ್ರಕರಣದಲ್ಲಿ, ಕೆಲವು ಆರೋಪಿಗಳ ಮೇಲಿನ ಕಲಾಪವನ್ನು ಕರ್ನಾಟಕ ಉಚ್ಚ ನ್ಯಾಯಾಲಯ ರದ್ದುಪಡಿಸಿದ್ದು ಸರಿಯೆಂದು ಸರ್ವೋಚ್ಚ ನ್ಯಾಯಾಲಯ ಎತ್ತಿಹಿಡಿಯಿತು. ನ್ಯಾಯಾಲಯದ ಕಲಾಪ ಕಿರುಕುಳದ ಆಯುಧವಾಗಬಾರದೆಂಬುದು ನ್ಯಾಯಮೂರ್ತಿ ವೈ. ವಿ. ಚಂದ್ರಚೂಡರ ಆ ತೀರ್ಪಿನ ಸಾರ. 1990ರಲ್ಲಿ ತೀರ್ಮಾನವಾದ ಭಜನ್‌ಲಾಲ್ ಪ್ರಕರಣವು ಇಂತಹ ಏಳು ಸಂದರ್ಭಗಳನ್ನು ವಿವರಿಸಿತು. ಹಗೆ ತೀರಿಸಿಕೊಳ್ಳಲು ಹೂಡಿದ ಮೊಕದ್ದಮೆ ಅವುಗಳಲ್ಲೊಂದು.

ಪರಸ್ಥಳದಲ್ಲಿರುವವರಿಗೆ 2010ರ ಒಂದು ತೀರ್ಪು ಗಮನಾರ್ಹ. ಮುಂಬಯಿಯಲ್ಲಿ ಸಂಸಾರ ಹೂಡಿದ್ದ ದಂಪತಿಗಳ ಕಲಹದಲ್ಲಿ ಪತ್ನಿಯು ರಾಂಚಿಯಲ್ಲಿ ದೂರಿತ್ತಾಗ, ಗುಜರಾತಿನಲ್ಲಿದ್ದ ವಿವಾಹಿತ ನಾದಿನಿಯೂ ಮಹಾರಾಷ್ಟ್ರದ ಗೋರೆಗಾಂವಿನಲ್ಲಿದ್ದ ಮೈದುನನೂ ಆರೋಪಿಗಳಾದರು. ಅವರ ಮೇಲೆ ನಿರ್ದಿಷ್ಟ ಆರೋಪವಿಲ್ಲದುದನ್ನು ಕಂಡು ಸರ್ವೋಚ್ಚ ನ್ಯಾಯಾಲಯವು ಅವರಿಬ್ಬರ ಮಟ್ಟಿಗೆ ದೂರನ್ನು ರದ್ದುಗೊಳಿಸಿತು.

ವೈದ್ಯರ ಮೇಲಿನ ಮೊಕದ್ದಮೆಗಳಿಗೂ ಇದೇ ಅಳತೆ. ಲೂಧಿಯಾನದ ಆಸ್ಪತ್ರೆಯೊಂದರಲ್ಲಿ 1995ರಲ್ಲಿ ಕ್ಯಾನ್ಸರ್ ರೋಗಿಯೊಬ್ಬರಿಗೆ ಉಸಿರಾಟದ ತೊಂದರೆಯಾದಾಗ ತಂದ ಆಮ್ಲಜನಕದ ಸಿಲಿಂಡರು ಬರಿದಾಗಿತ್ತು, ರೋಗಿ ಉಳಿಯಲಿಲ್ಲ. 2005ರ ಜೇಕಬ್ ಮ್ಯಾಥ್ಯೂ ತೀರ್ಪಿನಲ್ಲಿ ಸರ್ವೋಚ್ಚ ನ್ಯಾಯಾಲಯವು ವೈದ್ಯರ ಮೇಲಿನ ಮೊಕದ್ದಮೆಯನ್ನು ರದ್ದುಪಡಿಸಿತು. ಸಿಲಿಂಡರು ಸಿದ್ಧವಿಲ್ಲದುದಕ್ಕೆ ಆಸ್ಪತ್ರೆ ಪರಿಹಾರ ತೆರಬೇಕಾದೀತು, ಆದರೆ ಅಷ್ಟರಿಂದಲೇ ವೈದ್ಯ ಅಪರಾಧಿಯಾಗುವುದಿಲ್ಲ ಎಂಬುದು ಅದರ ವಿವೇಚನೆ. ವೈದ್ಯರ ಮೇಲೆ ಕ್ರಮ ಕೈಗೊಳ್ಳುವ ಮುನ್ನ ಬೇರೊಬ್ಬ ಸಮರ್ಥ ವೈದ್ಯರ ನಿಷ್ಪಕ್ಷಪಾತ ಅಭಿಪ್ರಾಯ ಪಡೆಯಬೇಕೆಂದೂ ಅದು ವಿಧಿಸಿತು.

ಮಿತಿಗಳು

ಇಷ್ಟರಿಂದ, ಅರ್ಜಿ ಹಾಕಿದೊಡನೆ ಮೊಕದ್ದಮೆ ಮಾಯವಾಗುವುದೆಂದು ಯಾರೂ ಭಾವಿಸಲಾಗದು. ಯಾರ ಮಾತು ಸತ್ಯ, ಯಾರದು ಸುಳ್ಳು ಎಂಬುದನ್ನು ಉಚ್ಚ ನ್ಯಾಯಾಲಯ ಈ ಹಂತದಲ್ಲಿ ತೂಗುವುದಿಲ್ಲ; ಅದು ಸಾಕ್ಷಿಗಳ ವಿಚಾರಣೆಯಲ್ಲಿ ಇತ್ಯರ್ಥವಾಗಬೇಕಾದ ವಿಷಯ. ‘ನಾನು ಅಲ್ಲಿರಲಿಲ್ಲ’ ಎಂಬ ವಾದವನ್ನು ಸಾಮಾನ್ಯವಾಗಿ ವಿಚಾರಣೆಯಲ್ಲಿಯೇ ರುಜುವಾತುಪಡಿಸಬೇಕು. ಆರಂಭದಲ್ಲಿಯೇ ತನಿಖೆಯನ್ನು ಮೊಟಕುಗೊಳಿಸಬಾರದು, ರದ್ದತಿ ಅಪವಾದವಾಗಿರಬೇಕು ಎಂದು 2021ರ ನೀಹಾರಿಕಾ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ಎಚ್ಚರಿಸಿದೆ. ಅನ್ಯಾಯಕ್ಕೊಳಗಾಗಿ ದೂರು ಕೊಟ್ಟವರಿಗೆ ಈ ಸಂಯಮವೇ ರಕ್ಷೆ.

ರಾಜಿಯ ವಿಷಯದಲ್ಲಿಯೂ ಹಾಗೆಯೇ. ಕುಟುಂಬದ ವಿರಸ, ವ್ಯಾಪಾರದ ಲೇವಾದೇವಿ ಇವುಗಳಲ್ಲಿ ಉಭಯಪಕ್ಷಗಳೂ ಒಮ್ಮತಕ್ಕೆ ಬಂದರೆ ಮೊಕದ್ದಮೆಯನ್ನು ರದ್ದುಪಡಿಸಬಹುದೆಂದು 2012ರ ಗ್ಯಾನ್ ಸಿಂಗ್ ತೀರ್ಪು ಹೇಳಿತು. ಆದರೆ ಕೊಲೆ, ಅತ್ಯಾಚಾರ, ದರೋಡೆಗಳಂತಹ ಘೋರ ಅಪರಾಧಗಳು ಇಡೀ ಸಮಾಜದ ಮೇಲಿನ ಆಘಾತ; ಅಲ್ಲಿ ಇಬ್ಬರ ರಾಜಿಗೆ ಬೆಲೆಯಿಲ್ಲ.

ಸಮನ್ಸು ಬಂದಾಗ

ಪರಸ್ಥಳದಲ್ಲಿರುವ ನಮಗೆ ಎರಡು ಕಿವಿಮಾತುಗಳು ಉಚಿತ. ಒಂದು, ಅರ್ಜಿಯನ್ನು ಸಾಮಾನ್ಯವಾಗಿ ಮೊಕದ್ದಮೆ ಇರುವ ಪ್ರಾಂತದ ಉಚ್ಚ ನ್ಯಾಯಾಲಯದಲ್ಲಿ ಸಲ್ಲಿಸಬೇಕು. ಹುಬ್ಬಳ್ಳಿಯ ಮೊಕದ್ದಮೆಗೆ ಕರ್ನಾಟಕ ಉಚ್ಚ ನ್ಯಾಯಾಲಯದ ಧಾರವಾಡ ಪೀಠವೇ ಹೊರತು, ಆರೋಪಿ ನೆಲೆಸಿರುವ ಮುಂಬಯಿಯ ಉಚ್ಚ ನ್ಯಾಯಾಲಯವಲ್ಲ. ಎರಡು, ಅರ್ಜಿ ಸಲ್ಲಿಸಿದ ಮಾತ್ರಕ್ಕೆ ಕೆಳಗಿನ ನ್ಯಾಯಾಲಯದ ಕಲಾಪ ನಿಲ್ಲುವುದಿಲ್ಲ. ತಡೆಯಾಜ್ಞೆ ದೊರೆಯುವವರೆಗೆ ತಾರೀಖು ತಪ್ಪಿಸಕೂಡದು. ತಪ್ಪಿಸಿದರೆ ವಾರಂಟು ಹೊರಡಬಹುದು.

ನಿರಪರಾಧಿ ವೃಥಾ ಬಳಲಬಾರದು. ನೊಂದವರ ದೂರು ವಿಚಾರಣೆಯಿಲ್ಲದೆ ಮಣ್ಣುಗೂಡಬಾರದು. ಈ ಎರಡು ಕರ್ತವ್ಯಗಳ ನಡುವೆ ತಕ್ಕಡಿಯ ಮುಳ್ಳು ನೆಟ್ಟಗೆ ನಿಲ್ಲುವಂತೆ ನೋಡಿಕೊಳ್ಳುವುದೇ ಈ ಅಧಿಕಾರದ ಸಾರ್ಥಕತೆ. ಸಮನ್ಸು ಬಂದ ಮನೆಯವರು ಎದೆಗುಂದದೆ, ಸಂಕೋಚದಿಂದ ಮುಚ್ಚಿಡದೆ, ಅವಧಿ ಮೀರುವ ಮುನ್ನ ಬಲ್ಲ ವಕೀಲರನ್ನು ಕಾಣಲಿ.