ಮದ್ದಿನ ಜೊತೆಗೆ ಓದೂ ಬೇಕು

ವಿದ್ಯೆಗೆ ಶಾಲೆ, ರೋಗಕ್ಕೆ ದವಾಖಾನೆ. ಇದು ಇಂದಿನ ಪದ್ಧತಿ. ಆದರೆ ಸುಮಾರು ಎಂಟೂವರೆ ಶತಮಾನಗಳ ಹಿಂದೆ ಕನ್ನಡ ನಾಡಿನಲ್ಲಿ ಇವೆರಡೂ ಒಂದೇ ಸೂರಿನಡಿ ನಡೆದದ್ದುಂಟು.

ಶಿಕಾರಿಪುರ ತಾಲ್ಲೂಕಿನ ಬಳ್ಳಿಗಾವೆಯ ಕೋಡಿಯಮಠ ಕಾಳಾಮುಖ ಶೈವರದು. ಕ್ರಿ.ಶ. 1162ರ ಶಾಸನದ ಪ್ರಕಾರ ಅಲ್ಲಿ ವೇದ, ವ್ಯಾಕರಣ, ಕಾವ್ಯ, ನಾಟಕಗಳ ಪಾಠ ನಡೆಯುತ್ತಿತ್ತು. ದೀನರು, ಕುರುಡರು, ಕುಂಟರು, ಕಿವುಡರಿಗೆ ಅನ್ನವಿತ್ತು. ಜೈನ, ಬೌದ್ಧ ಭಿಕ್ಷುಗಳಿಗೂ ಊಟವಿತ್ತು. ನಾನಾ ರೋಗಿಗಳಿಗೆ ಔಷಧವೂ ದೊರೆಯುತ್ತಿತ್ತು.

ಕಾಳಾಮುಖರೆಂದರೆ ತಲೆಬುರುಡೆಯಲ್ಲಿ ಉಣ್ಣುವವರು ಎಂದು ಅನ್ಯಮತದವರು ಬರೆದಿದ್ದರು. ಇತಿಹಾಸಕಾರ ಡೇವಿಡ್ ಲೊರೆಂಜನ್ 1972ರ ತಮ್ಮ ಗ್ರಂಥದಲ್ಲಿ ಕರ್ನಾಟಕದ ಶಾಸನಗಳನ್ನು ಪರಿಶೀಲಿಸಿ, ಅವರು ವಿದ್ವಾಂಸರೂ ಮಠಗಳನ್ನು ನಡೆಸಿದವರೂ ಆಗಿದ್ದರೆಂದು ತೋರಿಸಿದರು. ನಮ್ಮ ಸವದತ್ತಿ ತಾಲ್ಲೂಕಿನ ಹೂಲಿಯೂ ಅವರ ಒಂದು ನೆಲೆಯಾಗಿತ್ತು.

ವೈದ್ಯಜ್ಞಾನ ಸಂಸ್ಕೃತದಲ್ಲೇ ಉಳಿಯಲೂ ಇಲ್ಲ. 12ನೇ ಶತಮಾನದಲ್ಲಿ ಜಗದ್ದಳ ಸೋಮನಾಥ ‘ಕರ್ಣಾಟಕ ಕಲ್ಯಾಣಕಾರಕ’ವನ್ನು ಕನ್ನಡದಲ್ಲಿ ಬರೆದ. ಕೀರ್ತಿವರ್ಮ ದನಕರುಗಳಿಗಾಗಿ ‘ಗೋವೈದ್ಯ’ ರಚಿಸಿದ. 14ನೇ ಶತಮಾನದ ಮಂಗರಾಜನ ‘ಖಗೇಂದ್ರಮಣಿದರ್ಪಣ’ ವಿಷಚಿಕಿತ್ಸೆಯ ಗ್ರಂಥ.

ಇವು ನಮ್ಮ ಹೆಮ್ಮೆ. ಹಾಗೆಂದು ಹಾವು ಕಡಿದಾಗ ಹಳೆಯ ಪುಸ್ತಕ ತೆರೆದು ಕೂರಬೇಡಿ. ಗಾಯ ಕೊಯ್ಯಬೇಡಿ, ಹೀರಬೇಡಿ, ಬಿಗಿದು ಕಟ್ಟಬೇಡಿ. ಕಡಿದ ಕೈಕಾಲು ಅಲುಗದಂತೆ ನೋಡಿಕೊಂಡು, ಪ್ರತಿವಿಷದ ಚುಚ್ಚುಮದ್ದು ಇರುವ ಆಸ್ಪತ್ರೆಗೆ ಕೂಡಲೇ ಒಯ್ಯಿರಿ.

ಆ ಕಾಲದಿಂದ ನಾವು ಕಲಿಯಬೇಕಾದುದು ಬೇರೆ: ಮದ್ದು ಮತ್ತು ಅಕ್ಷರ ಒಟ್ಟಿಗಿರಬೇಕು. ಇಂದು ಮನೆಮನೆಯಲ್ಲೂ ಔಷಧವಿದೆ, ಚೀಟಿ ಓದುವವರು ಕಡಿಮೆ.

ಮಕ್ಕಳ ಜ್ವರದ ಔಷಧವನ್ನೇ ನೋಡಿ. ಪ್ಯಾರಾಸಿಟಮಾಲ್ ಹನಿಔಷಧದ 1 ಮಿ.ಲೀ.ನಲ್ಲಿ ಸಾಮಾನ್ಯವಾಗಿ 100 ಮಿ.ಗ್ರಾಂ. ಮದ್ದಿರುತ್ತದೆ. ಸಿರಪ್ಪಿನಲ್ಲಿ 5 ಮಿ.ಲೀ.ಗೆ 125 ಅಥವಾ 250 ಮಿ.ಗ್ರಾಂ. ಸಿರಪ್ಪಿನಂತೆ ಹನಿಔಷಧವನ್ನೂ ಚಮಚದಲ್ಲಿ ಅಳೆದು ಕುಡಿಸಿದರೆ ಎರಡರಿಂದ ನಾಲ್ಕು ಪಟ್ಟು ಮದ್ದು ಹೊಟ್ಟೆ ಸೇರುತ್ತದೆ. ಕೂಸಿನ ಯಕೃತ್ತಿಗೆ ಅಪಾಯ.

ವಾಂತಿಭೇದಿಗೆ ಕೊಡುವ ಓ.ಆರ್.ಎಸ್. ಪುಡಿಯೂ ಹಾಗೆಯೇ. ಪೊಟ್ಟಣದ ಮೇಲೆ 1 ಲೀಟರ್ ಎಂದಿದ್ದರೆ ಪೂರ್ತಿ 1 ಲೀಟರ್ ಶುದ್ಧ ನೀರಿಗೆ ಬೆರೆಸಬೇಕು. ಒಂದು ಲೋಟಕ್ಕೆ ಸುರಿದರೆ ರಕ್ತದಲ್ಲಿ ಉಪ್ಪಿನಂಶ ಏರಿ ಮಗುವಿಗೆ ಫಿಟ್ಸ್ ಬರಬಹುದು.

ಔಷಧ ಕೊಡುವ ಮುನ್ನ ಹೆಸರು, ಪ್ರಮಾಣ, ಅವಧಿ ಮುಗಿಯುವ ತಿಂಗಳು, ಈ ಮೂರನ್ನು ಓದಿರಿ. ಇಂಗ್ಲಿಷ್ ಬಾರದಿದ್ದರೆ ಸಂಕೋಚ ಬೇಡ. ಎಷ್ಟು, ಯಾವಾಗ, ಎಷ್ಟು ದಿನ ಎಂಬುದನ್ನು ವೈದ್ಯರಿಂದಲೋ ಔಷಧ ಅಂಗಡಿಯವರಿಂದಲೋ ಕನ್ನಡದಲ್ಲೇ ಬರೆಸಿಕೊಳ್ಳಿ. ಮನೆಯಲ್ಲಿ ಓದು ಬಲ್ಲವರಿಂದ ಅದನ್ನು ಇನ್ನೊಮ್ಮೆ ಓದಿಸಿ ಕೇಳಿರಿ.